ಏಣಿ ಹಿಡಿದವನ ಸಿನಿಮಾ

ಸಾನ್ವಿ, ಆರ್ಯ, ನಗಿಸುವ ಸಿನಿಮಾ ನೋಡಿ ಬೈಯುವವರನ್ನು ಎಲ್ಲಾದರೂ ಕಂಡಿದ್ದೀರಾ? ನಾನು ಕಂಡಿದ್ದೇನೆ. ಅವನು ನನ್ನ ಬೆನ್ನಿಗೆ ಬಿದ್ದ ತಮ್ಮ, ನೀವು ಮಾಮಾಜ್ಜ ಅನ್ನುವವನು!

ಕಟ್ಟಡದ ಕೆಲಸದಲ್ಲಿ ಯಾರೂ ಬೀಳದಂತೆ ಕಾಯುವ ಸೇಫ್ಟಿ ನೌಕರಿ ಅವನದು. ರಜೆಯ ದಿನವೂ ಅದು ಅವನನ್ನು ಬಿಡುವುದಿಲ್ಲ. ಶುಕ್ರವಾರ ಈ ಅರಬ್ ಊರಿನ ಅಂಚಿನ ಕೆಲಸಗಾರರ ವಸತಿ ಬರ್ವಾ ಅಲ್ ಬರಾಹಾದಿಂದ ಊರೊಳಗೆ ಬಿನ್ ಮಹಮೂದಿನ ನಮ್ಮ ಮನೆಗೆ ಊಟಕ್ಕೆ ಬಂದರೆ ಮೊದಲು ಅಡುಗೆಮನೆಯ ತಪಾಸಣೆ. ಒಮ್ಮೆ ಅವಲಕ್ಕಿ ಡಬ್ಬಿಗೆಂದು ಸ್ಟೂಲು ಹತ್ತಿದ್ದೆ. ತನ್ನ ಹೆಲ್ಮೆಟ್ ತಂದು ನನ್ನ ತಲೆಯ ಸೆರಗಿನ ಮೇಲೆಯೇ ಕೂರಿಸಿದ. ಒಗ್ಗರಣೆ ಮುಗಿಯುವವರೆಗೂ ಅದನ್ನು ತೆಗೆಯಲು ನನಗೆ ಧೈರ್ಯ ಬರಲಿಲ್ಲ!

ಕಳೆದ ಶುಕ್ರವಾರ ನೀವು ಟಿವಿಯಲ್ಲಿ ಹಳೆಯ ಮೂಕಿ ಚಿತ್ರ ಹಚ್ಚಿಕೊಟ್ಟು ಗೆಳೆಯರ ಮನೆಗೆ ಹೋದಿರಿ. ಮೂಕಿ ಎಂದು ಹೇಳಬಾರದಿತ್ತೇ? ರಿಮೋಟು ಕೆಟ್ಟಿತೆಂದು ಒತ್ತಿದೆ. ಕಿವಿಯೇ ಕೆಟ್ಟಿತೇನೋ ಎಂದು ಚಮಚದಿಂದ ತಟ್ಟೆ ಬಾರಿಸಿದೆ. ಕಿವಿ ಸರಿಯಿತ್ತು. ಟೋಪಿಯವನೊಬ್ಬ ಸುಣ್ಣದ ಬಕೆಟ್ ಹಿಡಿದು ಏಣಿ ಹತ್ತುತ್ತಿದ್ದ. ಕೆಳಗೊಬ್ಬ ದಪ್ಪನೆಯವನು ಏಣಿ ಹಿಡಿದಿದ್ದ. ಇವರು ಗೆಳೆಯರೋ ವೈರಿಗಳೋ, ಏನೊಂದೂ ತಿಳಿಯಲಿಲ್ಲ.

ಊಟಕ್ಕೆ ಬಂದು ಪಕ್ಕದಲ್ಲಿ ಕುಳಿತಿದ್ದ ತಮ್ಮನಿಗೆ ಎಲ್ಲ ತಿಳಿದಿತ್ತು. "ನಿಚ್ಚಣಿಕಿ ಕಟ್ಟಿಲ್ಲ. ಬೆಲ್ಟ್ ಮಾಫಿ, ಬೆಲ್ಟೇ ಇಲ್ಲ. ಇವರ ಫೋರ್‌ಮನ್ ಯಾಂವ?"

"ಸಿನಿಮಾ ಐತೋ ಅದು."

"ಸಿನಿಮಾ ಆದ್ರ ಎಲುಬು ಮುರಿಯಂಗಿಲ್ಲೇನು?"

ಅಷ್ಟರಲ್ಲಿ ದಪ್ಪನೆಯವನು ಯಾರಿಗೋ ಕೈಬೀಸಲು ಏಣಿ ಬಿಟ್ಟ. ಟೋಪಿಯವನು ದೊಪ್ಪನೆ ಬಿದ್ದ, ಬಕೆಟ್ ತಲೆಯ ಮೇಲೆ ಬೋರಲಾಯಿತು. ತಮ್ಮ ಚಿತ್ರ ನಿಲ್ಲಿಸಿಬಿಟ್ಟ.

ನಿಮ್ಮ ಅಜ್ಜ ಇದೇ ಊರಿನಲ್ಲಿ ಏಣಿಯಿಂದ ಬಿದ್ದು ತೀರಿಕೊಂಡರೆಂದಷ್ಟೇ ನಿಮಗೆ ಗೊತ್ತು. ಆ ಏಣಿ ಹಿಡಿದಿದ್ದವನು ಈ ತಮ್ಮ. ಯಾರೋ ಕರೆದರೆಂದು ಒಂದು ಗಳಿಗೆ ತಿರುಗಿದ್ದನೆಂದು ಜೊತೆಯ ಕೆಲಸದವರು ಹೇಳಿದ್ದರು. ಅವನು ಆ ಮಾತು ಎತ್ತಿಲ್ಲ, ನಾನು ಕೇಳಿಲ್ಲ. ನಮ್ಮದೂ ಇಷ್ಟು ವರ್ಷ ಮೂಕಿ ಚಿತ್ರವೇ.

ರಿಮೋಟು ಅವನ ಕೈಯಿಂದ ತೆಗೆದುಕೊಂಡು ಒತ್ತಿದೆ. ಟೋಪಿಯವನು ಬಕೆಟ್ ಕಳಚಿದ, ಮೀಸೆಯ ಸುಣ್ಣ ಒರೆಸಿಕೊಂಡ, ಮತ್ತೆ ಏಣಿಗೆ ಕಾಲಿಟ್ಟ. ನನಗೆ ನಗು ಬಂತು. ಏಕೆ ಬಂತೋ ಇನ್ನೂ ಅರ್ಥವಾಗಿಲ್ಲ. ತಮ್ಮ ನನ್ನ ಮುಖವನ್ನೇ ನೋಡುತ್ತಿದ್ದ.

"ಎದ್ದ, ಅಕ್ಕಾ," ಅಂದ.

"ಹೂಂ, ಎದ್ದ. ನೀನೂ ಏಳಪ್ಪಾ, ರೊಟ್ಟಿ ಆರತಾವ."

ಅದಕ್ಕಿಂತ ಹೆಚ್ಚು ಹೇಳಲು ನನಗೆ ಬಾಯಿ ಬರಲಿಲ್ಲ. ತಪ್ಪು ಅವನದಲ್ಲ ಎಂದು ಇಲ್ಲಿ ಬರೆದಿದ್ದೇನೆ. ಮಕ್ಕಳೇ, ಈ ಹಾಳೆಗಳನ್ನು ಜೋಪಾನ ಮಾಡಿ. ಎತ್ತರದ ಕಪಾಟಿನಲ್ಲಿ ಮಾತ್ರ ಇಡಬೇಡಿ. ನನ್ನ ಕನ್ನಡ ಅಕ್ಷರ ನಿಮಗೆ ತೊಡಕಾದರೆ ಮಾಮಾಜ್ಜನಿಂದಲೇ ಗಟ್ಟಿಯಾಗಿ ಓದಿಸಿಕೊಳ್ಳಿ.