ಮುಖ ಕೆಡಿಸಿದ ಆಮ್ಲಜನಕದವರಿಗೆ

ಎಲ್ಲೆಲ್ಲೂ ಇರುವ ಮಾನ್ಯ ಆಮ್ಲಜನಕ ಮಹಾಶಯರೇ,

ಭದ್ರಾವತಿಯ ಕಾಗದನಗರದ ಕ್ವಾರ್ಟರ್ಸಿನಿಂದ ಬಂಗಾರಮ್ಮ ಮಾಡುವ ನಮಸ್ಕಾರಗಳು. ಹುಟ್ಟಿ ಮೊದಲ ಸಲ ಅತ್ತ ಗಳಿಗೆಯಿಂದ ಇವತ್ತಿನವರೆಗೂ ತಮ್ಮನ್ನು ಪುಕ್ಕಟೆಯಾಗಿ ಬಳಸಿಕೊಂಡು ಬಂದವಳು, ಒಂದು ಕೃತಜ್ಞತೆಯ ಮಾತನ್ನೂ ಆಡದೆ ಮೊದಲ ಪತ್ರವನ್ನೇ ದೂರಿನ ಪತ್ರವಾಗಿ ಬರೆಯುತ್ತಿರುವುದಕ್ಕೆ ತಾವು ಬೇಸರಪಟ್ಟುಕೊಳ್ಳಬಾರದು. ತಾವು ಕ್ಷೇಮವೆಂದು ಬಲ್ಲೆ. ಇದನ್ನು ಬರೆಯಲು ನನಗೆ ಉಸಿರಿರುವುದೇ ಅದಕ್ಕೆ ಸಾಕ್ಷಿ.

ತಮ್ಮ ಮೇಲೆ ನನಗೆ ಮೊದಲಿನಿಂದಲೂ ಗೌರವ. ಜಮೀನ್ದಾರನ ಮೂಗಿಗೂ ಚರಂಡಿ ತೊಳೆಯುವವನ ಮೂಗಿಗೂ ಒಂದೇ ಹೆಜ್ಜೆಯಲ್ಲಿ ಹೋಗುವವರು ತಾವು. ಜಾತಿ ಪ್ರಮಾಣಪತ್ರ ಕೇಳಿದವರಲ್ಲ, ಹಿಂದಿನ ಬಾಗಿಲಿಗೆ ಬಾ ಅಂದವರಲ್ಲ. ಶಿವಮೊಗ್ಗದ ಡಿ.ಸಿ. ಆಫೀಸಿನ ಮುಂದೆ ಬಿಸಿಲಲ್ಲಿ ಕೂತು ಗಂಟಲು ಹರಿಯುವಂತೆ ಕೂಗಿದಾಗಲೆಲ್ಲ ನಮ್ಮ ಪ್ರತಿಯೊಂದು ಘೋಷಣೆಯ ಒಳಗೂ ತಾವಿದ್ದಿರಿ. ಭಾಷಣ ಮಾಡಿದವರು ಜೀಪು ಹತ್ತಿ ಹೋದ ಮೇಲೂ ನಮ್ಮ ಜೊತೆ ಉಳಿದವರು ತಾವು. ಅಂಥವರ ಮೇಲೆ ದೂರು ಬರೆಯುವ ಗತಿ ಬಂತಲ್ಲ ಎಂದು ನನಗೇ ನಾಚಿಕೆಯಾಗುತ್ತದೆ.

ತಮ್ಮ ಕೈಚಳಕ ನಮ್ಮೂರಿಗೆ ಹೊಸದೇನಲ್ಲ. ಒಂದು ಕಡೆ ಕಬ್ಬಿಣ, ಇನ್ನೊಂದು ಕಡೆ ಕಾಗದ ಮಾಡಿ ಬದುಕಿದ ಊರು ಇದು. ಕಬ್ಬಿಣಕ್ಕೆ ತುಕ್ಕು ಹಿಡಿಸುವವರೂ ತಾವೇ, ಬಿಸಿಲಿಗೆ ಬಿದ್ದ ಪೇಪರನ್ನು ಚಪಾತಿ ಬಣ್ಣಕ್ಕೆ ತಿರುಗಿಸುವವರೂ ತಾವೇ ಎಂಬುದು ಇಲ್ಲಿನ ಶಾಲೆ ಮಕ್ಕಳಿಗೂ ಗೊತ್ತು. ಅದು ತಮ್ಮ ಸ್ವಭಾವ ಎಂದು ಸುಮ್ಮನಿದ್ದೆವು. ಆದರೆ ತಾವು ಹೆಣ್ಣುಮಕ್ಕಳ ಮುಖಕ್ಕೂ ತುಕ್ಕು ಹಿಡಿಸುತ್ತೀರಿ ಎಂಬ ಸಂಗತಿ ನನಗೆ ತಿಳಿದದ್ದು ಈ ಸಲದ ದೀಪಾವಳಿಗೆ ಸ್ವಲ್ಪ ಮುಂಚೆ.

ತಿಳಿಸಿದವರು ಒಂದು ಕಂಪನಿಯ ಸೌಂದರ್ಯ ಸಲಹೆಗಾರ್ತಿ. ನನ್ನ ತಂಗಿಯ ಮಗಳು ಸಂಧ್ಯಾ ನಮ್ಮ ಮನೆಯಲ್ಲೇ ಇದ್ದುಕೊಂಡು ದಿನಾ ಬಸ್ಸು ಹತ್ತಿ ಶಿವಮೊಗ್ಗದ ಗಾಂಧಿ ಬಜಾರಿನ ಒಂದು ಸೀರೆ ಅಂಗಡಿಗೆ ಕೆಲಸಕ್ಕೆ ಹೋಗುತ್ತಾಳೆ. ಆ ಮಹಾತಾಯಿ ಅಲ್ಲಿ ಒಂದು ಟೇಬಲ್ ಹಾಕಿಕೊಂಡು, ಭೂತಗನ್ನಡಿ ಕಟ್ಟಿದ ದೀಪದ ಕೆಳಗೆ ಸೇಲ್ಸ್ ಹುಡುಗಿಯರ ಮುಖಗಳನ್ನು ಒಂದೊಂದಾಗಿ ಹಿಡಿದು ನೋಡಿ, ಗಾಳಿಯ ಆಮ್ಲಜನಕ ತಾಗಿ ಈ ಚರ್ಮಗಳೆಲ್ಲ ಆಕ್ಸಿಡೈಸ್ ಆಗಿವೆ, ಆಂಟಿ-ಆಕ್ಸಿಡೆಂಟ್ ಸೀರಮ್ ಹಚ್ಚದೆ ಇದ್ದರೆ ಉಳಿಗಾಲವಿಲ್ಲ ಎಂದು ತೀರ್ಪು ಕೊಟ್ಟರು. ಸಂಧ್ಯಾಳ ಮುಖವನ್ನು ಮಾತ್ರ ಎರಡನೇ ಸಲ ಹಿಡಿದು ನೋಡಿ ಲೊಚಗುಟ್ಟಿದರಂತೆ.

ಅಂಗಡಿಯ ಮಾಲೀಕರಾದ ಜಯಪ್ಪನವರು ಪಕ್ಕದಲ್ಲೇ ನಿಂತಿದ್ದರು. ಇವರು ಅಡಿಕೆ ಮಂಡಿಯಲ್ಲಿ ಬೆಳೆದು ಸೀರೆ ವ್ಯಾಪಾರಕ್ಕೆ ಬಂದವರು. ಕಣ್ಣೆದುರು ಏನೇ ರಾಶಿ ಬಿದ್ದರೂ ಬಣ್ಣ ನೋಡಿ ವಿಂಗಡಿಸದೆ ಅವರಿಗೆ ಊಟ ಸೇರುವುದಿಲ್ಲ. ಅವತ್ತೇ ಹುಡುಗಿಯರನ್ನೂ ವಿಂಗಡಿಸಿದರು. ಹೊಳಪಿನ ಮುಖಗಳು ಮುಂದಿನ ಕೌಂಟರಿಗೆ. ಸಂಧ್ಯಾ ಮಾತ್ರ ಗೊರಬಲು, ಅಂದರೆ ಮಂಡಿಯಲ್ಲಿ ಎಲ್ಲಕ್ಕಿಂತ ಕೆಳಗಿನ ದರ್ಜೆಯ ಅಡಿಕೆ; ಅವಳಿಗೆ ಮಹಡಿಯ ಗೋಡೌನಿನಲ್ಲಿ ಸೀರೆ ಮಡಿಸುವ ಕೆಲಸ. “ಗಿರಾಕಿ ಮೊದ್ಲು ನೋಡೋದು ಸೀರೆನಲ್ಲಮ್ಮ, ಸೀರೆ ಹಿಡ್ಕೊಂಡಿರೋ ಮುಖಾನ. ದೀಪಾವಳಿ ಸೇಲ್ ಶುರುವಾಗೋದ್ರೊಳಗೆ ಸರಿ ಮಾಡ್ಕೊಂಡ್ರೆ ಕೆಳಗೆ ಬಾ, ಇಲ್ಲಾಂದ್ರೆ ಮೇಲೇ ಇರು” ಎಂದು ಬಹಳ ಪ್ರೀತಿಯಿಂದಲೇ ಹೇಳಿದರಂತೆ.

ಮಹಾಶಯರೇ, ಆ ಗೋಡೌನಿನ ಪರಿಚಯ ತಮಗಿರಲಿಕ್ಕಿಲ್ಲ, ಏಕೆಂದರೆ ತಮಗೆ ಅಲ್ಲಿ ಪ್ರವೇಶವೇ ಇರಲಿಲ್ಲ. ಇದ್ದ ಒಂದೇ ಕಿಟಕಿಗೆ ಜಯಪ್ಪನವರು ಪ್ಲೈವುಡ್ ಹೊಡೆಸಿದ್ದರು. ಗಾಳಿಯಾಡಿದರೆ ಜರಿ ಕಪ್ಪಾಗುತ್ತದೆ ಎಂಬ ಭಯ. ಒಳಗೆ ಹೊಸ ಬಟ್ಟೆಯ ಧೂಳು, ನುಸಿಗುಳಿಗೆಯ ಘಾಟು, ಒಂದು ಟ್ಯೂಬ್‌ಲೈಟು. ನಮ್ಮ ಸಂಧ್ಯಾಗೆ ಚಿಕ್ಕಂದಿನಿಂದ ದಮ್ಮಿನ ಕಾಯಿಲೆ. ಮೊದಲನೇ ದಿನವೇ ಮಧ್ಯಾಹ್ನದ ಹೊತ್ತಿಗೆ ಗೋಡೆ ಹಿಡಿದುಕೊಂಡು ಕೆಳಗಿಳಿದು ಬಂದು ಮೆಟ್ಟಿಲ ಮೇಲೆ ಕೂತವಳಿಗೆ ಬಾಯಿಂದ ಮಾತೇ ಹೊರಡಲಿಲ್ಲವಂತೆ. ಆಯನೂರಿನಿಂದ ಕೆಲಸಕ್ಕೆ ಬರುವ ಅವಳ ಗೆಳತಿ ಸ್ಪಂದನಾ ಬೆನ್ನು ತಿಕ್ಕುತ್ತಾ ಕೂತಿದ್ದಳಂತೆ. ಕಿಟಕಿ ತೆಗೆಸಿ ಎಂದು ಕೇಳಿದ್ದಕ್ಕೆ ಜಯಪ್ಪನವರು, ನಿನ್ನ ದಮ್ಮಿಗೆ ಮಾತ್ರೆ ಇದೆ, ನನ್ನ ಜರಿಗೆ ಯಾವ ಮಾತ್ರೆ ಇದೆ ಎಂದು ನ್ಯಾಯವಾದ ಪ್ರಶ್ನೆಯನ್ನೇ ಕೇಳಿದರು. ಮುಖ ಬೆಳಗಿದರೆ ಉಸಿರು, ಇಲ್ಲದಿದ್ದರೆ ಇಲ್ಲ ಎಂಬ ಈ ಕಾನೂನು ಯಾವ ಸರ್ಕಾರದ್ದು ಎಂದು ಕೇಳಲು ನಾನು ಹೊರಟೆ. ಸಂಧ್ಯಾ ಕೈ ಹಿಡಿದು ಕೂರಿಸಿದಳು. “ನೀನು ಬಂದು ಕೂಗಾಡಿದ್ರೆ ಇರೋ ಕೆಲ್ಸಾನೂ ಹೋಗುತ್ತೆ ದೊಡ್ಡಮ್ಮ. ಒಂದು ಸೀರಮ್ ತಾನೇ, ಹಚ್ಕೋತೀನಿ.”

ಕಂಪನಿಯ ಸೀರಮ್ ಕಣ್ಣಿಗೆ ಹಾಕುವ ಡ್ರಾಪ್ಸಿನಷ್ಟು ದೊಡ್ಡದಾದ ಬಾಟಲಿಯಲ್ಲಿ, ನಾವು ಕಣ್ಣೆತ್ತಿ ನೋಡಲೂ ಆಗದ ಬೆಲೆಗೆ ಸಿಗುತ್ತಿತ್ತು. ಹಾಗಾಗಿ ಸ್ಪಂದನಾ ಬಸ್ ಸ್ಟ್ಯಾಂಡಿನ ಹತ್ತಿರದ ಬ್ರೌಸಿಂಗ್ ಸೆಂಟರಿನಲ್ಲಿ ಕೂತು, ಮನೆಯಲ್ಲೇ ಅದನ್ನು ತಯಾರಿಸುವ ವಿಧಾನವನ್ನು ಪ್ರಿಂಟ್ ತೆಗೆಸಿಕೊಂಡು, ಒಂದು ಭಾನುವಾರ ಬೆಳಿಗ್ಗೆ ನಮ್ಮ ಅಡುಗೆಮನೆಗೆ ಬಂದಳು. ಆ ಅಡುಗೆಮನೆಯಲ್ಲಿ ಅವತ್ತು ತಮ್ಮ ವಿರುದ್ಧ ನಡೆದ ಸಿದ್ಧತೆಯನ್ನು ಮುಚ್ಚುಮರೆಯಿಲ್ಲದೆ ಹೇಳುತ್ತೇನೆ. ಮಕ್ಕಳು ಚೀಪುವ ಕಿತ್ತಳೆ ರುಚಿಯ ಸಿ ವಿಟಮಿನ್ ಮಾತ್ರೆಗಳನ್ನು ಲಟ್ಟಣಿಗೆಯಲ್ಲಿ ಪುಡಿ ಮಾಡಿದರು. ಇ ವಿಟಮಿನ್ ಕ್ಯಾಪ್ಸೂಲಿಗೆ ಸೇಫ್ಟಿ ಪಿನ್ ಚುಚ್ಚಿ ಎಣ್ಣೆ ಹಿಂಡಿದರು. ಪನ್ನೀರು ಬಂತು, ಗ್ಲಿಸರಿನ್ ಬಂತು. ಬೆಟ್ಟದ ನೆಲ್ಲಿಕಾಯಿ ಜಜ್ಜಿ ರಸ ಸೋಸಿದ್ದೂ ಆಯಿತು. ತಿರುಳಿಗೆ ಉಪ್ಪು ಖಾರ ಹಾಕಿ ನಾನು ಚಟ್ನಿ ಮಾಡಿದೆ, ಆ ದಿನ ಹಾಳಾಗದೆ ಉಳಿದದ್ದು ಅದೊಂದೇ.

ತೊಂದರೆಯಾದದ್ದು ಹಸಿರು ಟೀಯಿಂದ. ಕೊನೆಗೆ ಹಸಿರು ಟೀ ಕುದಿಸಿ ಬೆರೆಸಬೇಕೆಂದು ವಿಧಾನದಲ್ಲಿತ್ತು. ಅಂಥದ್ದೊಂದು ಟೀಯನ್ನು ಭದ್ರಾವತಿಯ ಯಾವ ದಿನಸಿ ಅಂಗಡಿಯವರೂ ಆವರೆಗೆ ಕಂಡಿರಲಿಲ್ಲ. ಆದರೆ ಅದೇ ಪ್ರಿಂಟಿನಲ್ಲಿ, ಒಗರಾದ ಪದಾರ್ಥಗಳಲ್ಲೆಲ್ಲ ಈ ಗುಣ ಜಾಸ್ತಿ, ಒಗರು ಹೆಚ್ಚಿದಷ್ಟೂ ಒಳ್ಳೆಯದು ಎಂದು ಬರೆದಿತ್ತು. ನಮ್ಮ ಜಿಲ್ಲೆಯಲ್ಲಿ ಒಗರಿಗೇನು ಬರ? ಇದು ಹೀಗೇ ಆದೀತೆಂದು ಮೊದಲೇ ಎಣಿಸಿದ್ದ ಸ್ಪಂದನಾ ಆಯನೂರಿನಿಂದ ಒಂದು ಬಾಟಲಿ ಚೊಗರು ಹಿಡಿದುಕೊಂಡೇ ಬಂದಿದ್ದಳು. ಅಡಿಕೆ ಬೇಯಿಸಿದ ನೀರು ಕುದಿಕುದಿದು ಗಟ್ಟಿಯಾಗಿ ಉಳಿಯುತ್ತದಲ್ಲ, ಆ ಕೆಂಪು ರಸ. ಒಣಗಲು ಹಾಕುವ ಮುಂಚೆ ಅಡಿಕೆಗೆ ಬಣ್ಣ ಹೊಳಪು ಬರಲೆಂದು ಅದನ್ನು ಹಚ್ಚುತ್ತಾರೆ. “ಅಡಿಕೆಗೇ ಇಷ್ಟು ಮಿಂಚು ಬರುತ್ತೆ ಅಂದ್ಮೇಲೆ ನಿನ್ ಮುಖಕ್ಕೆ ಬರಲ್ವಾ ಮಾರಾಯ್ತಿ” ಎಂದು ಅವಳು ಧಾರಾಳವಾಗಿಯೇ ಸುರಿದಳು.

ಹಚ್ಚಿಕೊಂಡು ಅರ್ಧ ಗಂಟೆ ಕೂತು ತೊಳೆದಾಗ ನೀರು ಕೆಂಪಾಯಿತು, ಟವೆಲು ಕೆಂಪಾಯಿತು, ಮುಖ ಮಾತ್ರ ತೊಳೆಯುವ ಮುಂಚೆ ಹೇಗಿತ್ತೋ ಹಾಗೇ ಕೆಂಪಗೆ ಉಳಿಯಿತು. ಕೆಂಪೆಂದರೆ ನಾಚಿಕೆಯ ಕೆಂಪಲ್ಲ. ಅಂಗಳದಲ್ಲಿ ಒಣಗಿ ಗೋಣಿಗೆ ಹೋಗಲು ತಯಾರಾದ ಅಡಿಕೆಯ ಬಣ್ಣ. ಕಡಲೆಹಿಟ್ಟು ತಿಕ್ಕಿದೆವು, ಮೊಸರು ಹಚ್ಚಿದೆವು, ನಿಂಬೆಹಣ್ಣಿನ ಹೋಳನ್ನೂ ಉಜ್ಜಿದೆವು. ಪಕ್ಕದ ಮನೆಯವರು ಸೀಮೆಎಣ್ಣೆ ತಂದುಕೊಟ್ಟರು. ಅದನ್ನು ನಾನು ಒಲೆಗೇ ಇಟ್ಟುಕೊಂಡೆ. ಸೇಲ್ ಶುರುವಾಗುವುದು ಮಾರನೇ ದಿನ, ಸೋಮವಾರ. ಕನ್ನಡಿ ಕೆಳಗಿಟ್ಟ ಸಂಧ್ಯಾ ಅಳಲಿಲ್ಲ. “ದೊಡ್ಡಮ್ಮ, ಇನ್ನು ಅವ್ರು ನನ್ನ ಮೇಲಿಂದ ಇಳಿಸಲ್ಲ” ಎಂದಳು, ಅಷ್ಟೇ. ಆ ಮಾತಿನ ಮಧ್ಯೆ ಅವಳು ತಮ್ಮನ್ನು ಎಳೆದುಕೊಂಡ ಸದ್ದು ನನ್ನ ಕಿವಿಯಲ್ಲಿ ಈಗಲೂ ಇದೆ. ಅವಳಿಗೆ ಬೇಕಾಗಿದ್ದದ್ದು ತಾವು. ಅದಕ್ಕಾಗಿ ಅವಳು ಹಚ್ಚಿಕೊಳ್ಳಬೇಕಾಗಿ ಬಂದದ್ದು ತಮ್ಮ ವಿರುದ್ಧದ ಔಷಧಿ. ಇಂಥ ಏರ್ಪಾಟನ್ನು ಕಂಡುಹಿಡಿದವರ ತಲೆಗೆ ಒಂದು ಶಾಲು ಹೊದಿಸಿ ಸನ್ಮಾನ ಮಾಡಬೇಕು.

ಮಾಡಿದ ಅನಾಹುತ ನೋಡಿದ ಸ್ಪಂದನಾ, ಚೆಲ್ಲಲು ಎತ್ತಿದ ಚೊಗರಿನ ಬಾಟಲಿಯನ್ನು ಸಂಧ್ಯಾಳ ಕೈಯಿಂದ ತೆಗೆದುಕೊಂಡು ಮುಚ್ಚಳ ಬಿಗಿ ಮಾಡಿ, ತನ್ನ ಬ್ಯಾಗಿನೊಳಗೆ ಇಟ್ಟುಕೊಂಡು ಬಸ್ಸಿಗೆ ಹೊರಟಳು. ಯಾಕೆಂದು ನಮಗೆ ಹೇಳಲಿಲ್ಲ.

ಸೋಮವಾರ ಬೆಳಿಗ್ಗೆ ಶಟರ್ ಎತ್ತುವ ಮುಂಚೆಯೇ ಗಿರಾಕಿಗಳು ಬಾಗಿಲಲ್ಲಿ ನೂಕಾಡುತ್ತಿದ್ದರು. ಜಯಪ್ಪನವರು ಪೂಜೆ ಮುಗಿಸಿ, ಊದುಬತ್ತಿ ಸಿಕ್ಕಿಸಿ ತಿರುಗಿ ನೋಡುತ್ತಾರೆ, ಕೌಂಟರಿನ ಹಿಂದೆ ಈ ತುದಿಯಿಂದ ಆ ತುದಿಯವರೆಗೆ ಅಷ್ಟೂ ಹುಡುಗಿಯರು ಅಡಿಕೆ ಬಣ್ಣಕ್ಕೆ ತಿರುಗಿ ನಿಂತಿದ್ದಾರೆ. ಹಿಂದಿನ ಗಲ್ಲಿಯ ನಲ್ಲಿಯ ಹತ್ತಿರ ಬಾಟಲಿ ಕೈಯಿಂದ ಕೈಗೆ ಹೋಗಿತ್ತು. ರಾಶಿ, ಅಂದರೆ ಮಂಡಿಯ ಲೆಕ್ಕದಲ್ಲಿ ಮೇಲಿನ ದರ್ಜೆ ಎನಿಸಿಕೊಂಡವರೂ ಹಚ್ಚಿಕೊಂಡಿದ್ದರು, ಮುಂದಿನ ತಿಂಗಳು ನಿಶ್ಚಿತಾರ್ಥ ಇದ್ದವಳೂ ಹಚ್ಚಿಕೊಂಡಿದ್ದಳು. ಜೀವಮಾನವೆಲ್ಲ ವಿಂಗಡಿಸಿದ ಕಣ್ಣು ಅವತ್ತು ಸೋತಿತು. ಸಂಧ್ಯಾ ಮೇಲೆ ಹೋಗಲಿ ಎಂದಷ್ಟೇ ಹೇಳಿದ ಜಯಪ್ಪನವರಿಗೆ ಸ್ಪಂದನಾ ಕೊಟ್ಟ ಉತ್ತರವನ್ನು ಸಂಧ್ಯಾ ನನಗೆ ಎಷ್ಟೋ ಸಲ ಹೇಳಿ ತೋರಿಸಿದ್ದಾಳೆ. “ಎಲ್ಲಾ ಒಂದೇ ಲಾಟು ಯಜಮಾನ್ರೆ. ಕಳ್ಸೋದಾದ್ರೆ ಅಷ್ಟೂ ಜನಾನ ಮೇಲೆ ಕಳ್ಸಿ. ಕಿಟಕಿ ತೆಗೆಸಿದ್ರೆ ಸರದಿ ಪ್ರಕಾರ ನಾವೇ ಹೋಗ್ತೀವಿ, ಸಂಧ್ಯಾನೂ ಬರ್ತಾಳೆ.”

ಹೊರಗೆ ಜನ ಶಟರ್ ಬಡಿಯುತ್ತಿದ್ದರು. ಜಯಪ್ಪನವರು ಶಟರನ್ನು ನೋಡಿದರು, ಮುಖಗಳನ್ನು ನೋಡಿದರು, ಗಲ್ಲಾಪೆಟ್ಟಿಗೆಯನ್ನು ನೋಡಿದರು, ಆಮೇಲೆ ಸುತ್ತಿಗೆ ಹುಡುಕಿಕೊಂಡು ತಾವೇ ಮೆಟ್ಟಿಲು ಹತ್ತಿದರು. ಪ್ಲೈವುಡ್ ಕಿತ್ತು ಬಂದ ಸದ್ದು ಇಡೀ ಬಜಾರಿಗೆ ಕೇಳಿಸಿತಂತೆ.

ಆದ್ದರಿಂದ ಮಹಾಶಯರೇ, ತಮ್ಮಲ್ಲಿ ಕೆಲವು ವಿನಂತಿಗಳು. ಆ ಕಿಟಕಿಯಿಂದ ತಾವು ಇನ್ನು ಧಾರಾಳವಾಗಿ ಬರಬೇಕು. ಒಳಗೆ ಬಂದಮೇಲೆ ಜರಿ ಇರುವ ಕಡೆ ತಲೆಯೆತ್ತಿ ನೋಡದೆ ನೇರವಾಗಿ ಹುಡುಗಿಯರ ಎದೆಗೂಡಿಗೆ ಹೋಗಬೇಕು. ಮಾಲೀಕರ ನಂಬಿಕೆ ಉಳಿಸಬೇಕು. ಅಂಗಡಿಯ ವೇಳೆಯಲ್ಲಿ ಸಂಬಳಕ್ಕೆ ದುಡಿಯುವ ಮುಖಗಳನ್ನು ತಾವು ಮುಟ್ಟಬಾರದು. ಮುಪ್ಪು ತರಲೇಬೇಕೆಂದಿದ್ದರೆ ರಜೆಯ ದಿನ ನೋಡಿ ತರಬಹುದು, ಆ ರಜೆಯನ್ನು ಕೊಡಿಸುವ ಜವಾಬ್ದಾರಿಯೂ ತಮ್ಮದೇ. ಇಷ್ಟು ಮಾಡಲಾಗದಿದ್ದರೆ, ಆ ಭೂತಗನ್ನಡಿಯ ದೀಪದ ಕೆಳಗೆ ಸಲಹೆಗಾರ್ತಿಯವರು ಒಂದು ಸಲ ಜಯಪ್ಪನವರ ಮುಖವನ್ನೂ ಹಿಡಿದು ನೋಡಲಿ. ದರ್ಜೆ ನಾವು ಹೇಳುತ್ತೇವೆ.

ಉಸಿರಾಡುವಷ್ಟು ಕಾಲವೂ,
ತಮ್ಮ ವಿಶ್ವಾಸಿ,
ಬಂಗಾರಮ್ಮ
ಕಾಗದನಗರ, ಭದ್ರಾವತಿ

ತಾ.ಕ.: ಗೋಡೌನಿನಲ್ಲಿ ಗಾಳಿ ಈಗ ಬಹಳ ಚೆನ್ನಾಗಿ ಬರುತ್ತದೆಂದು ಜಯಪ್ಪನವರು ಮಧ್ಯಾಹ್ನದ ಊಟವಾದ ಮೇಲೆ ಅಲ್ಲೇ ಚಾಪೆ ಹಾಸಿಕೊಂಡು ಮಲಗುತ್ತಿದ್ದಾರೆ. ಹುಡುಗಿಯರ ವಿಷಯದಲ್ಲಿ ಕೇಳಿದ ರಿಯಾಯಿತಿ ಅವರಿಗೆ ಅನ್ವಯಿಸುವುದಿಲ್ಲ. ಮಲಗಿದಾಗ ಮುಖ ಕಿಟಕಿಯ ಕಡೆಗೇ ಇರುತ್ತದೆ, ತಾವು ಸಾವಕಾಶವಾಗಿ ಕೆಲಸ ಮಾಡಬಹುದು.