ಬಾಯಿ ಮುಚ್ಚಿ ಮಾಡಿಕೊಂಡ ರಾಜಿ

ನನ್ನಂಥ ಪುಕ್ಕಲನ ಮೇಲೆ ಹಲ್ಲೆಯ ಕೇಸು ಬಿದ್ದಿತ್ತು ಎಂದರೆ ನಮ್ಮೂರು ಪಡೀಲಿನಲ್ಲಿ ಯಾರೂ ನಂಬುವುದಿಲ್ಲ. ನಂಬಿದವರು ಪೊಲೀಸರು ಮಾತ್ರ.

ಪಕ್ಕದ ಮನೆಯ ಲೋಕಣ್ಣನದು ಮೀನಿನ ವ್ಯಾಪಾರ. ನಮ್ಮಿಬ್ಬರ ನಡುವಿನ ಕಂಪೌಂಡ್ ಗೋಡೆಯ ಮೇಲೆ ಅವನು ಮೀನು ಒಣಗಿಸುತ್ತಾನೆ. ಕಾಗೆಗಳು ಅದನ್ನು ಎತ್ತಿ ತಂದು ನಮ್ಮ ಬಾವಿಗೆ ಬೀಳಿಸುತ್ತವೆ. ಒಂದು ಬೆಳಿಗ್ಗೆ ನಾನು ಕಾಗೆಗೆಂದು ಎಸೆದ ತೆಂಗಿನಕಾಯಿಯ ಖಾಲಿ ಗೆರಟೆ ಲೋಕಣ್ಣನ ಹಣೆಗೆ ತಾಗಿತು. ರಕ್ತ ಬಂತು, ಹೊಲಿಗೆ ಬಿತ್ತು. ಕ್ಷಮೆ ಕೇಳಿದ್ದರೆ ಅಷ್ಟಕ್ಕೇ ಮುಗಿಯುತ್ತಿತ್ತು. ಆದರೆ ಗಾಬರಿಯಲ್ಲಿ ನನ್ನ ಬಾಯಿಯಿಂದ ಬಂದದ್ದು, "ಕಾಗೆ ಇರುವ ಜಾಗದಲ್ಲಿ ನೀನು ಯಾಕೆ ನಿಂತದ್ದು?" ಎಂಬ ಮಾತು. ಲೋಕಣ್ಣ ಆಸ್ಪತ್ರೆಯಿಂದ ನೇರ ಠಾಣೆಗೆ ಹೋದ, ನಾನು ಬೇಕೆಂದೇ ಹೊಡೆದೆನೆಂದು ದೂರು ಕೊಟ್ಟ.

ಆಮೇಲೆ ದುಬೈಯಲ್ಲಿರುವ ಮಗಳು ಬಸುರಿಯಾದಳು. ನನ್ನ ಪಾಸ್‌ಪೋರ್ಟಿನ ಅವಧಿ ಮುಗಿದಿತ್ತು. ಹೊಸತು ಮಾಡಿಸಲು ಹೋದರೆ ಕೇಸು ಅಡ್ಡ ಬಂತು. "ಮೊಮ್ಮಗುವನ್ನು ನೀವು ಮೊಬೈಲಿನಲ್ಲಿ ನೋಡಿ. ನಾನಂತೂ ಹೋಗುವವಳೇ" ಎಂದಳು ಹೆಂಡತಿ ಸುಮತಿ.

ವಕೀಲರು ಧೈರ್ಯ ಕೊಟ್ಟರು. "ಇದು ರಾಜಿ ಆಗುವ ಕೇಸು. ಪೆಟ್ಟು ತಿಂದವರು ಕೋರ್ಟಿನಲ್ಲಿ ಬಂದು ಹೇಳಿದರೆ ಮುಗೀತು."

ಮುಖ ಕೆಳಗೆ ಹಾಕಿ ಲೋಕಣ್ಣನ ಮನೆಗೆ ಹೋದೆ. ಅವನೂ ಕಾಯುತ್ತಿದ್ದ ಹಾಗಿತ್ತು. "ನನಗೂ ಕೋರ್ಟಿಗೆ ತಿರುಗಿ ಸಾಕಾಗಿದೆ ಮಾರಾಯ. ಆದ್ರೆ ಜಯಣ್ಣ, ಮೊದಲು ದೈವದ ಎದುರು ಮಾತಾಗಬೇಕು."

ದೈವಸ್ಥಾನದಲ್ಲಿ ದೀಪ ಹಚ್ಚಿದರು. "ಇನ್ನು ಜಗಳ ಮಾಡುವುದಿಲ್ಲ ಅಂತ ಹೇಳಿ, ಸಾಕು" ಎಂದರು ಅಲ್ಲಿಯ ಹಿರಿಯರು. ನನಗೆ ಸಾಕೆನಿಸಲಿಲ್ಲ. ನಾಳೆ ಇವನು ಯಾರ ಹತ್ತಿರವಾದರೂ ವಿಷಯ ಎತ್ತಿ, ಅದು ಬೆಳೆದು ಮತ್ತೆ ಕೇಸಾದರೆ? ಆದ್ದರಿಂದ ನಾನೇ ಸೇರಿಸಿದೆ: "ಈ ವಿಷಯವನ್ನು ಇನ್ನು ಮುಂದೆ ಎಲ್ಲಿಯೂ, ಯಾರ ಎದುರೂ, ಯಾವ ಕಾರಣಕ್ಕೂ ನಾವಿಬ್ಬರೂ ಬಾಯಿ ಬಿಟ್ಟು ಹೇಳುವುದಿಲ್ಲ."

"ಅಷ್ಟೆಲ್ಲ ಬೇಕಾ?" ಎಂದರು ಹಿರಿಯರು.

"ಭದ್ರ ಇರಲಿ" ಎಂದೆ. ಲೋಕಣ್ಣನೂ ಹಾಗೆಯೇ ಹೇಳಿ ಗಂಧಪ್ರಸಾದ ತೆಗೆದುಕೊಂಡ.

ಕೋರ್ಟಿನ ದಿನ ಫಿರ್ಯಾದಿಯ ಕಾರಿನಲ್ಲೇ ಆರೋಪಿ ಹೊರಟ. ಹಿಂದಿನ ಸೀಟಿನಲ್ಲಿ ಸುಮತಿ. ದಾರಿಯಲ್ಲಿ ಕಂಕನಾಡಿಯಲ್ಲಿ ಇಳಿದು, ಹೋಟೆಲಿನಲ್ಲಿ ಮೂವರೂ ಬಿಸಿ ಗೋಳಿಬಜೆ ತಿಂದೆವು. ಇಷ್ಟು ಸುಖವಾದ ಕ್ರಿಮಿನಲ್ ಕೇಸನ್ನು ನಾನು ಕಂಡವನಲ್ಲ.

ನ್ಯಾಯಾಧೀಶರು ಲೋಕಣ್ಣನನ್ನು ಕೇಳಿದರು: "ಘಟನೆ ಏನು, ಹೇಗೆ ರಾಜಿಯಾದಿರಿ, ಚಿಕ್ಕದಾಗಿ ಹೇಳಿ."

ಲೋಕಣ್ಣ ಬಾಯಿ ತೆರೆದ. ನನ್ನನ್ನು ನೋಡಿದ. ಮುಚ್ಚಿದ.

ಆಗ ನನಗೂ ನೆನಪಾಯಿತು. ದೈವಕ್ಕೆ ಕೊಟ್ಟ ಮಾತು!

"ಯಾರಾದರೂ ಹೆದರಿಸಿದ್ದಾರೆಯೇ?"

ಲೋಕಣ್ಣ ಮತ್ತೆ ನನ್ನ ಕಡೆ ನೋಡಿದ. ಹೇಳಬೇಡ ಎಂದು ನಾನು ತಲೆ ಅಲ್ಲಾಡಿಸಿದೆ. ಅದನ್ನು ಇಡೀ ಕೋರ್ಟು ನೋಡಿತು.

"ಆರೋಪಿ ಯಾಕೆ ಸನ್ನೆ ಮಾಡುತ್ತಿದ್ದಾರೆ? ನೀವೇ ಹೇಳಿ" ಎಂದು ನ್ಯಾಯಾಧೀಶರು ನನ್ನ ಕಡೆ ತಿರುಗಿದರು.

ಮಾತು ಕೊಟ್ಟಿದ್ದೇವೆ ಎಂದು ಹೇಳಿದರೂ ಮಾತು ತಪ್ಪಿದ ಹಾಗೆ ಆಗುತ್ತದೋ ಎಂಬ ಹೊಸ ಚಿಂತೆ ನನಗೆ. ಕೊನೆಗೆ ಲೋಕಣ್ಣನನ್ನು ತೋರಿಸಿ, ಎಲ್ಲಾ ಮೇಲಿರುವ ದೈವಕ್ಕೆ ಬಿಟ್ಟದ್ದು ಎಂಬರ್ಥದಲ್ಲಿ ಬೆರಳನ್ನು ಆಕಾಶಕ್ಕೆ ಎತ್ತಿದೆ. ನೋಡಿದವರಿಗೆ ಅದು, ಅವನನ್ನು ಮೇಲೆ ಕಳಿಸುತ್ತೇನೆ ಎಂದ ಹಾಗೆ ಕಂಡಿತಂತೆ. ಬಾಗಿಲಲ್ಲಿದ್ದ ಪೊಲೀಸ್ ಎರಡು ಹೆಜ್ಜೆ ಮುಂದೆ ಬಂದ. ವಕೀಲರು ಹಣೆ ಹಿಡಿದುಕೊಂಡರು.

ಆಗ ಹಿಂದಿನ ಬೆಂಚಿನಿಂದ ಸುಮತಿ ಎದ್ದಳು. "ಮೇಡಂ, ಇವರಿಬ್ಬರೂ ಈ ವಿಷಯ ಮಾತಾಡುವುದಿಲ್ಲ ಅಂತ ದೈವಕ್ಕೆ ಮಾತು ಕೊಟ್ಟಿದ್ದಾರೆ. ನಾನು ಕೊಡ್ಲಿಲ್ಲ. ನಾನು ಹೇಳ್ಬಹುದಾ?"

ಹೇಳಿದಳು. ಕಾಗೆ, ಮೀನು, ಬಾವಿ, ಗೆರಟೆ, ಒಂದನ್ನೂ ಬಿಡಲಿಲ್ಲ.

"ಅಂದರೆ ಇವರು ಬೇಕೆಂದು ಹೊಡೆದದ್ದಲ್ಲ?"

"ಎಂತ ಮೇಡಂ, ಇವರು ಗುರಿಯಿಟ್ಟು ಹೊಡೆದಿದ್ರೆ ಲೋಕಣ್ಣನಿಗೆ ತಾಗ್ತಲೇ ಇರಲಿಲ್ಲ. ಮೊದಲು ಕಾಗೆಗೆ ಎಸೆದ ಚಪ್ಪಲಿ ಈಗಲೂ ಬಾವಿಯಲ್ಲಿ ಉಂಟು."

ಕೋರ್ಟು ನಕ್ಕಿತು. ಪೊಲೀಸ್ ಹಿಂದೆ ಸರಿದ. ನ್ಯಾಯಾಧೀಶರು ನಗು ತಡೆದುಕೊಂಡು ಲೋಕಣ್ಣನಿಗೆ, "ರಾಜಿಗೆ ಒಪ್ಪಿಗೆಯೇ? ಹೌದು ಅಥವಾ ಇಲ್ಲ, ಅಷ್ಟು ಸಾಕು" ಎಂದರು. "ಹೌದು" ಎಂದ. ಕೇಸು ಮುಗಿಯಿತು. ಹೋದ ನನ್ನ ಮಾನದ ವಿಷಯದಲ್ಲಿ ಮಾತ್ರ ಯಾವ ಆದೇಶವೂ ಆಗಲಿಲ್ಲ.

ಪಾಸ್‌ಪೋರ್ಟ್ ಬಂದಿದೆ, ಟಿಕೆಟ್ ಆಗಿದೆ. ಕಾಗೆಗಳು ಹಾಗೆಯೇ ಇವೆ. ಈಗ ಲೋಕಣ್ಣ ದಿನಾ ಬೆಳಿಗ್ಗೆ ತಲೆಗೆ ಹೆಲ್ಮೆಟ್ ಹಾಕಿಕೊಂಡು ಬಂದು ಗೋಡೆಯ ಮೇಲೆ ಮೀನು ಹರಡುತ್ತಾನೆ. ಯಾಕೆ ಎಂದು ನಾನು ಕೇಳುವ ಹಾಗಿಲ್ಲ. ಅವನು ಹೇಳುವ ಹಾಗೂ ಇಲ್ಲ.