ಹನಕೆರೆ ಡೈರಿಯಲ್ಲಿ ಹಡಗಿನ ತಿದ್ದುಪಡಿ

ಬೇರೆಯವರ ತಪ್ಪು ಹುಡುಕಿ ಸಂಬಳ ತೆಗೆದುಕೊಳ್ಳುವ ಕೆಲಸದಲ್ಲಿ ನಾನು ಇಪ್ಪತ್ತಾರು ವರ್ಷ ಕಳೆದಿದ್ದೇನೆ. ಮಂಡ್ಯದ ಸಣ್ಣ ದಿನಪತ್ರಿಕೆಯೊಂದರ ಉಪಸಂಪಾದಕ ನಾನು. ಬಾರದೇ ಇದ್ದ ಮುಖ್ಯ ಅತಿಥಿಯ ಬಾಯಲ್ಲಿ ಮಳವಳ್ಳಿಯ ವರದಿಗಾರ ಭಾಷಣ ಮಾಡಿಸಿದಾಗ ಹಿಡಿದವನು ನಾನು. ಮದ್ದೂರಿನ ಅಪಘಾತದ ಇಬ್ಬರು ಗಾಯಾಳುಗಳು ಎರಡನೆಯ ಪ್ಯಾರಾಕ್ಕೆ ಬರುವಷ್ಟರಲ್ಲಿ ಮೂವರಾದಾಗ, ಫೋನ್ ಮಾಡಿ ಒಬ್ಬನನ್ನು ಗುಣಪಡಿಸಿದವನೂ ನಾನೇ. ಇಂಥ ಕೆಲಸದಲ್ಲಿ ಇರುವವನಿಗೆ ಕ್ರಮೇಣ ಒಂದು ಕಾಯಿಲೆ ಹತ್ತುತ್ತದೆ. ತಪ್ಪು ಬೇರೆಯವರಿಗೆ ಮಾತ್ರ ಆಗುವಂಥದ್ದು ಎಂದು ಅನ್ನಿಸತೊಡಗುತ್ತದೆ. ಹೆಂಡತಿ ಬರೆದ ದಿನಸಿ ಚೀಟಿಯಲ್ಲೂ ನಾನು ಒತ್ತಕ್ಷರ ತಿದ್ದಿದ್ದೇನೆ. ಆಮೇಲೆ ದಿನಸಿ ತರುವುದನ್ನು ಮರೆತಿದ್ದೇನೆ.

ಹೀಗಿರುವಾಗ ಹನಕೆರೆಯ ಸೌಮ್ಯ ಎಂಬ ಹುಡುಗಿ ವಿದೇಶಿ ವಿಹಾರ ಹಡಗೊಂದರಲ್ಲಿ ಕೆಲಸಕ್ಕಿದ್ದಾಳೆಂಬ ಸುದ್ದಿ ಸಂಪಾದಕರ ಕಿವಿಗೆ ಬಿತ್ತು. ಕೋಣೆ ಒಪ್ಪಮಾಡಿ, ಹಾಸಿಗೆ ಹಾಸಿ, ಅತಿಥಿಗಳ ಟವೆಲ್ಲನ್ನು ಆನೆಯಂತೆ, ಹಂಸದಂತೆ ಮಡಿಸಿಡುವ ಕೆಲಸ. "ಭಾನುವಾರಕ್ಕೆ ಅರ್ಧ ಪುಟ ಮಾಡಿ" ಎಂದರು. ಹನಕೆರೆಗೆ ಹೋಗಿ ಅವಳ ತಾಯಿ ಪುಟ್ಟತಾಯಮ್ಮನವರನ್ನು ಕಂಡು, ಕಾಫಿ ಕುಡಿದು, ಮಗಳ ಫೋಟೊ ತಂದೆ. ಅಷ್ಟರಿಂದ ಅರ್ಧ ಪುಟ ತುಂಬುವುದಿಲ್ಲ. ಆದ್ದರಿಂದ ಪಕ್ಕದಲ್ಲಿ 'ಹಡಗಿನ ಇತಿಹಾಸ, ಹಡಗಿನ ಸೇವೆ' ಎಂದು ಒಂದು ಬಾಕ್ಸ್ ಮಾಡಿದೆ.

ಹಡಗಿನ ಹೆಸರನ್ನು ಇಲ್ಲಿ ಹೇಳುವುದಿಲ್ಲ. ಇನ್ನೊಂದು ತಿದ್ದುಪಡಿ ಹಾಕುವ ಶಕ್ತಿ ನನಗಿಲ್ಲ. ಅದು ಯಾವ ದೇಶದಲ್ಲಿ ತಯಾರಾಯಿತು, ಬಾಟಲಿ ಒಡೆದು ನಾಮಕರಣ ಮಾಡಿದವರು ಯಾರು, ಎಷ್ಟು ಅಂತಸ್ತು, ಈಜುಕೊಳ ಎಲ್ಲಿ, ನಾಟಕಶಾಲೆ ಎಲ್ಲಿ, ಎಲ್ಲವನ್ನೂ ಇಂಟರ್ನೆಟ್ಟಿನಿಂದ ಹೆಕ್ಕಿದೆ. ನನ್ನ ಸ್ವಂತ ಜಲಯಾನವೆಂದರೆ ಒಮ್ಮೆ ಮುತ್ತತ್ತಿಯಲ್ಲಿ ಹತ್ತಿದ ಹರಿಗೋಲು. ಅಂಬಿಗ ಅದನ್ನು ತಮಾಷೆಗೆ ಒಂದು ಸುತ್ತು ತಿರುಗಿಸಿದಾಗ ನಾನು ಅವನ ಕಾಲನ್ನು ತಬ್ಬಿಕೊಂಡಿದ್ದೆ. ಆದರೂ ಬಾಕ್ಸನ್ನು ಓದಿದವರು, ಇವನು ನಿವೃತ್ತ ಕಪ್ತಾನನೇ ಇರಬೇಕು ಅಂದುಕೊಳ್ಳುವಂತೆ ಬರೆದೆ. ಅದರ ಕೊನೆಯ ವಾಕ್ಯ ಹೀಗಿತ್ತು: 'ದೀರ್ಘ ಸೇವೆಯ ಬಳಿಕ ಹಡಗನ್ನು ಗುಜರಾತಿನ ಕಡಲತೀರದಲ್ಲಿ ಒಡೆದು ಗುಜರಿಗೆ ಹಾಕಲಾಯಿತು.'

ಮುಖ್ಯ ಲೇಖನವನ್ನು ಶುಕ್ರವಾರ ಬರೆದಿದ್ದೆ, ಬಾಕ್ಸನ್ನು ಶನಿವಾರ. ಎರಡನ್ನೂ ಒಟ್ಟಿಗೆ ಓದುವ ಪುರುಸೊತ್ತು ನನಗೂ ಇರಲಿಲ್ಲ, ಸಂಪಾದಕರಿಗೂ ಇರಲಿಲ್ಲ. ಹಾಗಾಗಿ ಭಾನುವಾರ ಒಂದೇ ಪುಟದ ಎಡಗಡೆ ಸೌಮ್ಯ ಹಾಸಿಗೆ ಹಾಸುತ್ತಿದ್ದಳು, ಬಲಗಡೆ ಹಡಗು ಚೂರುಚೂರಾಗಿತ್ತು.

ಸೋಮವಾರ ಬೆಳಿಗ್ಗೆ ಹತ್ತಕ್ಕೆ ಪುಟ್ಟತಾಯಮ್ಮ ಕಚೇರಿಗೆ ಬಂದರು. ಕೈಯಲ್ಲಿ ನಮ್ಮ ಪತ್ರಿಕೆ. ಕುರ್ಚಿ ತೋರಿಸಿದರೆ ಕೂರಲಿಲ್ಲ.

"ಸಾರ್, ಅಡಗು ಒಡ್ದಾಕವ್ರೆ ಅಂತ ಬರ್ದಿದ್ದೀರಲ್ಲ, ನನ್ ಮಗಳು ಎಲ್ಲವ್ಳೆ?"

"ಎಲ್ಲಿ ಬರೆದಿದ್ದೇವಮ್ಮ?" ಎಂದೆ. ಅವರು ಬೆರಳಿಟ್ಟು ತೋರಿಸಿದರು. ಓದಿದೆ.

"ನಾಕ್ ದಿನ ಆಯ್ತು, ಫೋನೇ ಇಲ್ಲ. ದಿನಾ ಮಾಡೋಳು. ಇನ್ನೇನ್ ಮಾಡ್ತಾಳೆ ಬುಡು, ಕೆಲ್ಸ ಜಾಸ್ತಿ ಇರ್ಬೇಕು ಅಂತ ನಾನೂ ಸುಮ್ಕಿದ್ದೆ. ನೆನ್ನೆ ನಿಮ್ ಪೇಪರ್ ಓದ್ದೇಟ್ಗೆ ಎದೆ ಒಡ್ದೋಯ್ತು ಕಣಪ್ಪಾ. ರಾತ್ರಿಯಿಂದ ಒಲೆ ಅಚ್ಚಿಲ್ಲ."

ನಾನು ಕಂಪ್ಯೂಟರ್ ಕಡೆ ತಿರುಗಿದೆ. ಬೆರಳುಗಳು ತಪ್ಪು ಅಕ್ಷರಗಳನ್ನೇ ಒತ್ತುತ್ತಿದ್ದವು. ಇಪ್ಪತ್ತು ನಿಮಿಷದ ಮೇಲೆ ವಿಷಯ ಸಿಕ್ಕಿತು. ಹಡಗುಗಳು ಎರಡು. ಹಳೆಯದು ಗುಜರಿಗೆ ಹೋದ ಮೇಲೆ ಕಂಪನಿಯವರು ಹೊಸದಕ್ಕೆ ಅದೇ ಹೆಸರಿಟ್ಟಿದ್ದಾರೆ. ನಾನು ಹೊಸದರ ಈಜುಕೊಳವನ್ನು ಹಳೆಯದರ ಸಾವಿಗೆ ಅಂಟಿಸಿದ್ದೆ. ಅದನ್ನೇ ಆದಷ್ಟು ಗೌರವಯುತವಾಗಿ ವಿವರಿಸಿದೆ. ಪುಟ್ಟತಾಯಮ್ಮ ಪತ್ರಿಕೆಯನ್ನು ಮಡಿಸಿ ಕಂಕುಳಿಗೆ ಸಿಕ್ಕಿಸಿಕೊಂಡರು.

"ನಮ್ ಮಾವ ಬೋರೇಗೌಡ್ರು. ಅವ್ರು ತೀರ್ಕಂಡ್ ಮೇಲೆ ಉಟ್ಟಿದ್ ನನ್ ಮಗನ್ಗೂ ಬೋರೇಗೌಡ ಅಂತ್ಲೇ ಎಸ್ರಿಕ್ಕಿದ್ದೀವಿ. ನಮ್ ಕಡೆ ಯಾರ್ ಮನೇಲಿ ಇಲ್ಲ ಏಳು? ನಿನ್ ಕೈಗ್ ಸಿಕ್ಕಿದ್ರೆ ತಾತನ್ ತಿಥಿ ದಿನ ಮೊಮ್ಮಗನ್ಗೂ ಎಡೆ ಇಕ್ಬುಡ್ತಿದ್ದೆ ಅಲ್ವಾ?"

ನನಗೂ ನಮ್ಮ ತಾತನ ಹೆಸರೇ. ಅದನ್ನು ಆಗ ಹೇಳಲಿಲ್ಲ.

ಹಡಗು ಸುರಕ್ಷಿತ ಎಂದಾಯಿತು. ಆದರೆ ಹುಡುಗಿ? ಸೌಮ್ಯಳ ನಂಬರಿಗೆ ಎಂಟು ಸಲ ಫೋನ್ ಮಾಡಿದೆ. ಎಂಟು ಸಲವೂ ವ್ಯಾಪ್ತಿ ಪ್ರದೇಶದ ಹೊರಗೆ. ಹಡಗಿನ ಕಂಪನಿಗೆ ಮಿಂಚಂಚೆ ಕಳಿಸಿದೆ, ಉತ್ತರವಿಲ್ಲ. ನಾಳೆಯೇ ತಿದ್ದುಪಡಿ ಹಾಕುತ್ತೇವೆ ಎಂದು ಪುಟ್ಟತಾಯಮ್ಮನವರಿಗೆ ಮಾತು ಕೊಟ್ಟೆ.

"ನಾಳೆ ಗಂಟ ಯಾರ್ ಕಾಯ್ತಾರೆ? ಊರೋರೆಲ್ಲ ಮನೆ ಮುಂದೆ ಬಂದ್ ಕುಂತವ್ರೆ. ಒಬ್ಳು ಆಗ್ಲೇ ಅಳಕ್ ಸುರು ಅಚ್ಕಂಡವ್ಳೆ. ನಾನ್ ಏಳುದ್ರೆ ಸಮಾಧಾನಕ್ ಏಳ್ತಾಳೆ ಅಂತಾರೆ. ಸಾಯಂಕಾಲ ಡೈರಿ ತಾವು ಎಲ್ಲಾರೂ ಆಲಾಕಕ್ ಬತ್ತಾರೆ. ನೀನೇ ಬಂದು ಏಳು."

ತಿದ್ದುಪಡಿ ಎಂದರೆ ನಮ್ಮಲ್ಲಿ ಒಳಪುಟದ ಮೂಲೆಯಲ್ಲಿ ನಾಲ್ಕು ಸಾಲು. ಅದನ್ನು ಬಾಯಲ್ಲಿ, ಹಾಲಿನ ಕ್ಯಾನುಗಳ ನಡುವೆ ನಿಂತು ಹೇಳುವ ಪದ್ಧತಿ ಯಾವ ಪತ್ರಿಕೆಯಲ್ಲೂ ಇದ್ದಂತಿಲ್ಲ. ಹೋದೆ. ಐದೂವರೆಗೆ ಹನಕೆರೆಯ ಡೈರಿ ಮುಂದೆ ಸಾಲು ಕಟ್ಟಿ ನಿಂತಿದ್ದ ಮೂವತ್ತು ನಲವತ್ತು ಜನರ ಎದುರು ಗಂಟಲು ಸರಿಪಡಿಸಿಕೊಂಡು, "ಹಡಗು ಒಡೆದಿಲ್ಲ. ಒಡೆದದ್ದು ಅದೇ ಹೆಸರಿನ ಹಳೆಯ ಹಡಗು. ತಪ್ಪು ನಮ್ಮದು" ಎಂದೆ.

ಪಂಚೆ ಎತ್ತಿ ಕಟ್ಟಿದ್ದ ಹಿರಿಯರೊಬ್ಬರು ಕ್ಯಾನ್ ಕೆಳಗಿಟ್ಟು ಕೇಳಿದರು, "ನೀನ್ ಯಾರಪ್ಪಾ?"

"ಪೇಪರ್‌ನವನು."

"ಒಡ್ದದೆ ಅಂತ ಬರ್ದೋನು?"

"ಹೌದು."

"ಅಡಗು ನೋಡಿದ್ದೀಯಾ?"

"ಇಲ್ಲ."

"ಅಂಗಾರೆ ಒಡ್ದಿಲ್ಲ ಅಂತ ಎಂಗ್ ಏಳ್ತೀಯಾ?"

ಒಬ್ಬ ಹೆಂಗಸು ಸೆರಗಿನಿಂದ ಕಣ್ಣೊರೆಸಿಕೊಂಡರು. ಪುಟ್ಟತಾಯಮ್ಮ ಮಾತ್ರ ಅಳದೆ, ಎರಡೂ ಕೈಯಲ್ಲಿ ಫೋನ್ ಹಿಡಿದು ಅದನ್ನೇ ನೋಡುತ್ತಾ ನಿಂತಿದ್ದರು. ಹಾಲು ಅಳೆಯುವವನೂ ಅಳತೆ ನಿಲ್ಲಿಸಿದ್ದ. ನಾನು ಹೊರಡಬಹುದಿತ್ತು, ಕಾಲು ಬರಲಿಲ್ಲ. ಐದು ನಿಮಿಷವೋ ಹದಿನೈದೋ ನಿಖರವಾಗಿ ಹೇಳಲಾರೆ, ಗಡಿಯಾರ ನೋಡುವ ಧೈರ್ಯವಿರಲಿಲ್ಲ. ಆಮೇಲೆ ಫೋನ್ ಬಡಿದುಕೊಂಡಿತು. ಪರದೆಯ ಮೇಲೆ ಟೋಪಿ ಹಾಕಿದ ಸೌಮ್ಯ.

"ಅವ್ವಾ, ಈಗ್ ತಾನೇ ಬಂದರಿಗೆ ಬಂದ್ವಿ. ಸಮುದ್ರದ ಮಧ್ಯೆ ನೆಟ್‌ವರ್ಕೇ ಇರ್ಲಿಲ್ಲ ಕಣವ್ವ. ಅದ್ಯಾಕೆ ಡೈರಿ ತಾವು ಅಷ್ಟೊಂದ್ ಜನ? ಯಾರ್ಗೇನಾಯ್ತು?"

ಪುಟ್ಟತಾಯಮ್ಮ ಕಟ್ಟೆಯ ಮೇಲೆ ಕುಸಿದು ಕೂತು ಒಂದೇ ಸಮನೆ ಅತ್ತರು. ಅಳು ನಿಂತ ಮೇಲೆ ಮಗಳಿಗೆ ಬೈದರು. ಬೈದು ಮುಗಿದ ಮೇಲೆ ಆ ಹಿರಿಯರು ಫೋನಿನೊಳಗೆ ಬಗ್ಗಿ, "ಅಡಗು ತೋರ್ಸವ್ವಾ" ಎಂದರು. ಸೌಮ್ಯ ದಡದಲ್ಲಿ ನಿಂತೇ ಫೋನನ್ನು ಹಡಗಿನ ಕಡೆ ತಿರುಗಿಸಿದಳು. ಬಿಳಿಯ ಗೋಡೆ, ಸಾಲು ಕಿಟಕಿ, ಅಂತಸ್ತಿನ ಮೇಲೆ ಅಂತಸ್ತು. ಹಿರಿಯರು ಎಮ್ಮೆ ಕೊಳ್ಳುವವರಂತೆ ತಲೆಯಿಂದ ಬಾಲದವರೆಗೆ ನೋಡಿ, ಸಾಲಿನ ಕಡೆ ತಿರುಗಿ ಘೋಷಿಸಿದರು: "ಎಲ್ಲೂ ಒಡ್ದಿಲ್ಲ ಕಣ್ರುಲಾ!" ಆಗ ಎಲ್ಲರೂ ನಂಬಿದರು.

"ಅವ್ವಾ, ನಿನ್ ಹಿಂದೆ ಮುಖ ಸಣ್ಣಗೆ ಮಾಡ್ಕಂಡು ನಿಂತವ್ರಲ್ಲ, ಯಾರವ್ವ ಅವ್ರು?" ಎಂದು ಸೌಮ್ಯ ಕೇಳಿದಳು.

ಇಡೀ ಸಾಲು ನನ್ನ ಕಡೆ ನೋಡಿತು. ಪುಟ್ಟತಾಯಮ್ಮನೂ ನೋಡಿದರು.

"ಅವ್ರಾ? ಯಾರೋ ಆಲು ತಕಳಕ್ ಬಂದವ್ರೆ ಕಣವ್ವ" ಎಂದರು.

ಆ ವಾಕ್ಯದಲ್ಲಿ ಸತ್ಯಾಂಶವೇ ಇರಲಿಲ್ಲ. ನಾನು ತಿದ್ದಲಿಲ್ಲ. ಅರ್ಧ ಲೀಟರ್ ಹಾಲು ತೆಗೆದುಕೊಂಡು ಮನೆಗೆ ಹೋದೆ.